ಕಾಲಜ್ಞಾನವೂ ಕಾಲದ ಲೆಕ್ಕವೂ: ಮಲ್ಲಸಮುದ್ರದಿಂದ ಒಂದು ವಿಮರ್ಶೆ

ಲೋಕದ ಅಂತ್ಯವನ್ನು ಕುರಿತ ಭವಿಷ್ಯವಾಣಿಗೆ ಕನ್ನಡದಲ್ಲಿ ತನ್ನದೇ ಆದ ಒಂದು ಸಾಹಿತ್ಯ ಪ್ರಕಾರವುಂಟು. ಅದರ ಹೆಸರು ಕಾಲಜ್ಞಾನ. ಬಸವಣ್ಣ, ಚೆನ್ನಬಸವಣ್ಣ, ಸಿದ್ಧರಾಮರಂಥ ಶರಣರ ಹೆಸರಿನಲ್ಲಿ, ಕೊಡೇಕಲ್ಲ ಬಸವಣ್ಣನ ಪರಂಪರೆಯಲ್ಲಿ, ತೆಲುಗಿನಲ್ಲಿ ವೀರಬ್ರಹ್ಮೇಂದ್ರ ಸ್ವಾಮಿಯ ಹಾಗೂ ಕೈವಾರ ತಾತಯ್ಯನವರ ಹೆಸರಿನಲ್ಲಿ ಇಂತಹ ಕೃತಿಗಳು ನಮ್ಮ ನಾಡಿನಲ್ಲಿ ಹರಡಿವೆ. ಇದು ಹಳೆಯ ಓಲೆಗರಿಗಳಿಗೆ ಸೀಮಿತವಾದ ವಿಷಯವಲ್ಲ. 2020ರಲ್ಲಿ ಕೊರೊನಾ ಬಂದಾಗ ವೀರಬ್ರಹ್ಮೇಂದ್ರರದೆನ್ನಲಾದ ಒಂದು ಪದ್ಯವು ಮೊಬೈಲಿನಿಂದ ಮೊಬೈಲಿಗೆ ಹರಿದು, ಆ ವ್ಯಾಧಿಯನ್ನು ಮೊದಲೇ ನುಡಿಯಲಾಗಿತ್ತೆಂಬ ಮಾತು ಜಯನಗರ, ಬನಶಂಕರಿಗಳ ಮನೆಮನೆಯನ್ನೂ ತಲುಪಿತು. ನಮ್ಮ ವಿಶ್ವಾಸಿಗಳಲ್ಲಿ ಕೆಲವರು ಅದನ್ನು ಹಂಚಿಕೊಂಡರು. ಇನ್ನು ಕೆಲವರು ಮೂರು ದಿನಗಳ ಕತ್ತಲೆಯ ಭವಿಷ್ಯವನ್ನು ನಂಬಿ ಆಶೀರ್ವದಿಸಿದ ಮೇಣದ ಬತ್ತಿಗಳನ್ನು ಕೂಡಿಟ್ಟರು. ಆದ್ದರಿಂದ ಇಂತಹ ನುಡಿಗಳನ್ನು ಓದುವ ಬಗೆ ಯಾವುದು ಎಂಬುದು ಪಾಲನಾ ಸೇವೆಯ ಪ್ರಶ್ನೆಯೂ ಹೌದು.

ಮೊದಲು ಕೃತಿಯ ಸ್ವರೂಪವನ್ನು ಗಮನಿಸೋಣ. ಶರಣರ ಕಾಲಜ್ಞಾನದ ಹಿನ್ನೆಲೆಯಲ್ಲಿರುವುದು ಒಂದು ಸೋಲು. 12ನೆಯ ಶತಮಾನದಲ್ಲಿ ಹರಳಯ್ಯ, ಮಧುವರಸರಿಗೆ ಮರಣದಂಡನೆಯಾಯಿತು; ಶರಣರು ಕಲ್ಯಾಣವನ್ನು ಬಿಟ್ಟು ಚದುರಿದರು. ಕಳೆದುಹೋದ ಆ ಕಲ್ಯಾಣವನ್ನು ವೀರವಸಂತರಾಯನೆಂಬ ಅರಸನು ಬಂದು ಮತ್ತೆ ಕಟ್ಟುವನೆಂಬುದು ಈ ಸಾಹಿತ್ಯದ ಮುಖ್ಯ ನಿರೀಕ್ಷೆ. ಆದರೆ ಆತನು ಯಾರು, ಬರುವುದು ಎಂದು ಎಂಬುದು ಒಗಟಿನ ಮಾತಿನಲ್ಲಿದೆ. ಕೊಡೇಕಲ್ಲ ಪರಂಪರೆಯವರಂತೂ ತಮ್ಮ ನುಡಿಗಳನ್ನು ಅಮರಗನ್ನಡವೆಂಬ ಗುಪ್ತಲಿಪಿಯಲ್ಲಿಯೇ ಬರೆದಿಟ್ಟರು. ಹಿಂದಿನವರ ಬಾಯಲ್ಲಿ ಮುಂದಿನದನ್ನು ನುಡಿಸುವ ಈ ರೀತಿ ಪವಿತ್ರ ಗ್ರಂಥದ ಓದುಗರಿಗೆ ಅಪರಿಚಿತವಲ್ಲ. ದಾನಿಯೇಲನ ಗ್ರಂಥದ 11ನೆಯ ಅಧ್ಯಾಯವು ನಾಲ್ಕನೆಯ ಅಂತಿಯೋಕನ ಯುದ್ಧಗಳನ್ನು ಕಣ್ಣಾರೆ ಕಂಡಂತೆ ವಿವರಿಸುತ್ತದೆ. ಆದರೆ ಆತನ ಮರಣದ ಸ್ಥಳ ಇತಿಹಾಸಕ್ಕೆ ಹೊಂದುವುದಿಲ್ಲ. ವಿದ್ವಾಂಸರು ಆ ಗ್ರಂಥದ ಕಾಲವನ್ನು ನಿರ್ಣಯಿಸುವುದು ಈ ಅಂತರದಿಂದಲೇ. ಇದರಿಂದ ಗ್ರಂಥದ ಬೆಲೆ ಕುಂದಲಿಲ್ಲ. ಹಿಂಸೆಗೊಳಗಾದ ಜನರಿಗೆ ದೇವರು ಅವರನ್ನು ಮರೆತಿಲ್ಲವೆಂದು ಹೇಳುವುದೇ ಅದರ ಉದ್ದೇಶವಾಗಿತ್ತು.

ಇಂತಹ ಒಗಟಿಗೆ ಎದುರುಬದುರಾದ ಇಬ್ಬರು ವ್ಯಾಖ್ಯಾನಕಾರರು ನಮ್ಮ ಕ್ರೈಸ್ತ ಇತಿಹಾಸದಲ್ಲಿಯೇ ಸಂಧಿಸಿದರು. ಬಾಸೆಲ್ ಮಿಷನ್ನಿನ ಬೋಧಕರು 1834ರಲ್ಲಿ ಮಂಗಳೂರಿಗೆ, 1837ರಲ್ಲಿ ಧಾರವಾಡಕ್ಕೆ, 1839ರಲ್ಲಿ ಹುಬ್ಬಳ್ಳಿಗೆ ಬಂದರು. ಆ ಸೀಮೆಯ ಕಾಲಜ್ಞಾನಿಗಳೆಂಬ ಪಂಥದವರಲ್ಲಿ ಕೆಲವರು ತಮ್ಮ ಹಿರಿಯರ ನುಡಿ ಈ ಪರದೇಶದ ಗುರುಗಳಲ್ಲಿ ನೆರವೇರುತ್ತಿದೆಯೆಂದು ಭಾವಿಸಿ ಅವರನ್ನು ಅರಸಿ ಬಂದರು. ಬೋಧಕರು ಅದನ್ನು ದೇವರೇ ಮುಂಚಿತವಾಗಿ ಹಸನುಮಾಡಿದ ಹೊಲವೆಂದು ಬಗೆದರು. ಇಂಥವರು ಬಂದು ನೆಲೆಸಲೆಂದು ಗದಗ-ಬೆಟಗೇರಿಯ ಬಳಿಯ ಮಲ್ಲಸಮುದ್ರದಲ್ಲಿ 1841ರಲ್ಲಿ ಒಂದು ವಸಾಹತನ್ನು ಸ್ಥಾಪಿಸಿದರು. ನಿರೀಕ್ಷಿಸಿದ ಜನಸಮೂಹ ಬರಲಿಲ್ಲ, ಆಸೆ ಕೈಗೂಡಲಿಲ್ಲ.

ಈ ಸೋಲಿಗೆ ಕಾಲಜ್ಞಾನಿಗಳ ಚಂಚಲತೆಯೇ ಕಾರಣವೆಂದು ಹೇಳಿಬಿಡುವುದು ಸುಲಭ. ಆದರೆ ಅದು ಅರ್ಧ ವಿಮರ್ಶೆ ಮಾತ್ರ. ಬೋಧಕರಲ್ಲಿ ಅನೇಕರು ಬಂದದ್ದು ಜರ್ಮನಿಯ ವ್ಯೂರ್ಟೆಂಬೆರ್ಗ್ ಸೀಮೆಯ ಭಕ್ತಿಪಂಥದಿಂದ. ಆ ಪಂಥದ ಮಹಾವಿದ್ವಾಂಸ ಯೋಹಾನ್ ಆಲ್ಬ್ರೆಕ್ಟ್ ಬೆಂಗೆಲ್ (1687–1752) ಹೊಸ ಒಡಂಬಡಿಕೆಯ ಪಾಠಶೋಧನೆಗೆ ಅಡಿಪಾಯ ಹಾಕಿದವರಲ್ಲಿ ಒಬ್ಬ. ಅಷ್ಟು ಎಚ್ಚರದ ಆ ಪಂಡಿತನೇ ಪ್ರಕಟಣಾ ಗ್ರಂಥದ ಸಂಖ್ಯೆಗಳನ್ನು ಕೂಡಿಸಿ, 1836ರಲ್ಲಿ ಯುಗ ತಿರುಗುವುದೆಂದು ಲೆಕ್ಕ ಹಾಕಿದ್ದ. ಆ ವರ್ಷ ಬಂದುಹೋದ ಬೆನ್ನಲ್ಲೇ ಅವನ ನಾಡಿನ ಬೋಧಕರು ಧಾರವಾಡ ಸೀಮೆಯಲ್ಲಿದ್ದರು. ಹೀಗೆ ಕಾಲಜ್ಞಾನವಿದ್ದದ್ದು ಒಂದು ಕಡೆಯಲ್ಲಲ್ಲ, ಎರಡು ಕಡೆಯಲ್ಲಿಯೂ. ಒಬ್ಬರು ತಮ್ಮ ಒಗಟಿಗೆ ಉತ್ತರವಾಗಿ ಬೋಧಕರನ್ನು ಕಂಡರು. ಬೋಧಕರು ತಮ್ಮ ನಿರೀಕ್ಷೆಗೆ ಉತ್ತರವಾಗಿ ಅವರನ್ನು ಕಂಡರು. ಇಬ್ಬರೂ ಎದುರಿಗಿದ್ದ ಮನುಷ್ಯನ ಮುಖವನ್ನು ನೋಡುವ ಮೊದಲು ತಮ್ಮ ಪಂಚಾಂಗವನ್ನು ನೋಡಿದರು. ಇದೇ ಕಾಲಕ್ಕೆ ಅಮೆರಿಕದಲ್ಲಿ ವಿಲಿಯಂ ಮಿಲ್ಲರನ ಅನುಯಾಯಿಗಳು 1844ರ ಅಕ್ಟೋಬರ್ 22ರಂದು ಪ್ರಭುವಿನ ಬರುವಿಕೆಗೆ ಕಾದು ನಿರಾಶರಾದರೆಂಬುದನ್ನೂ ನೆನೆಯಬೇಕು.

ಇಲ್ಲಿಂದ ವಿಮರ್ಶೆಯ ಒಂದು ಸೂತ್ರ ದೊರೆಯುತ್ತದೆ: ಅಸ್ಪಷ್ಟವಾದ ಪ್ರವಾದನೆಯ ಅರ್ಥವು ಯಾವಾಗಲೂ ವ್ಯಾಖ್ಯಾನಿಸುವವನ ಗೆಲುವಿನಲ್ಲಿಯೇ ಮುಗಿಯುವುದಾದರೆ ಆ ವ್ಯಾಖ್ಯಾನವನ್ನು ಸಂಶಯಿಸಬೇಕು. ಇಸ್ರಯೇಲಿನ ಪ್ರವಾದಿಗಳ ನುಡಿ ಮೊದಲು ತಾಗುತ್ತಿದ್ದುದು ಅದನ್ನು ಕೇಳುವವರಿಗೇ. ಪ್ರಭುವಿನ ದಿನವು ಶತ್ರುಗಳಿಗೆ ಮಾತ್ರ ಕತ್ತಲೆಯೆಂದು ನಂಬಿದ್ದವರಿಗೆ ಆಮೋಸನು ಅದು ನಿಮಗೂ ಕತ್ತಲೆಯೇ ಎಂದನು. ಯೋನನು ನಿನೆವೆಗೆ ನಲವತ್ತು ದಿನಗಳ ಗಡುವು ಕೊಟ್ಟನು. ಊರು ಪಶ್ಚಾತ್ತಾಪಪಟ್ಟಿತು, ಗಡುವು ಸುಳ್ಳಾಯಿತು, ಪ್ರವಾದಿ ಮುನಿದನು. ಆದರೆ ದೇವರ ದೃಷ್ಟಿಯಲ್ಲಿ ಆ ಪ್ರವಾದನೆ ಸಫಲವಾದದ್ದು ಅದು ನಡೆಯದೆ ಹೋದದ್ದರಿಂದಲೇ.

ಆ ದಿನ, ಆ ಗಳಿಗೆ ಯಾರಿಗೂ ತಿಳಿಯದೆಂಬ ಪ್ರಭುವಿನ ಮಾತು (ಮಾರ್ಕ 13:32) ಆದ್ದರಿಂದ ಬರಿಯ ನಿಷೇಧವಲ್ಲ, ಬಿಡುಗಡೆ. ಸಂತ ಆಗಸ್ಟೀನರು ‘ದೇವನಗರ’ದಲ್ಲಿ ಅಂತ್ಯದ ವರ್ಷಗಳನ್ನು ಎಣಿಸುವವರಿಗೆ ಬೆರಳುಗಳನ್ನು ಸಡಿಲಿಸಲು ಹೇಳುವುದು ಪ್ರಭುವಿನ ಇಂಥದೇ ಇನ್ನೊಂದು ವಚನವನ್ನು (ಪ್ರೇಷಿತರ ಕಾರ್ಯಕಲಾಪಗಳು 1:7) ನೆಚ್ಚಿಯೇ. 2000ದ ಜೂನ್ 26ರಂದು ಫಾತಿಮಾದ ಮೂರನೆಯ ರಹಸ್ಯ ಪ್ರಕಟವಾದಾಗ, ಕಾರ್ಡಿನಲ್ ರಾಟ್ಸಿಂಗರರು ತಮ್ಮ ವ್ಯಾಖ್ಯಾನದಲ್ಲಿ ಇದನ್ನೇ ಸ್ಪಷ್ಟಪಡಿಸಿದರು: ಆ ದರ್ಶನವು ಬದಲಾಗದ ಭವಿಷ್ಯದ ಚಲನಚಿತ್ರವಲ್ಲ, ಮನುಷ್ಯನ ಸ್ವಾತಂತ್ರ್ಯವನ್ನು ಒಳಿತಿನ ಕಡೆಗೆ ಎಚ್ಚರಿಸುವ ಕರೆ.

ಹಾಗಾದರೆ ಕಾಲಜ್ಞಾನದೊಂದಿಗೆ ನಮ್ಮ ವ್ಯವಹಾರ ಹೇಗಿರಬೇಕು? ಅದರಿಂದ ಒಂದು ಸಾಲನ್ನು ಕಿತ್ತು ಇಗೋ ಕ್ರಿಸ್ತನ ಮುನ್ಸೂಚನೆ ಎಂದು ಸಾರುವ ಬೋಧನೆಗಳು ಇಂದಿಗೂ ಕೇಳಿಬರುತ್ತವೆ. ಅದು ಮಲ್ಲಸಮುದ್ರದ ಓದನ್ನೇ ಪುನರಾವರ್ತಿಸುವುದು: ನೆರೆಯವನ ಗ್ರಂಥಕ್ಕೆ ಅಗೌರವ, ಶುಭಸಂದೇಶಕ್ಕೆ ಬೇಡದ ಊರುಗೋಲು. ಅದನ್ನು ಮೂಢನಂಬಿಕೆಯೆಂದು ತಳ್ಳಿಹಾಕುವುದೂ ಸರಿಯಲ್ಲ. ಜಾತಿಯ ಗೋಡೆಯನ್ನು ದಾಟಿದ್ದಕ್ಕಾಗಿ ಕೊಲ್ಲಲ್ಪಟ್ಟವರ ನೆನಪು ಅದರ ಬೇರಿನಲ್ಲಿದೆ. ಕಲ್ಯಾಣ ಮತ್ತೆ ಕಟ್ಟಲ್ಪಡಬೇಕೆಂಬ ಹಂಬಲದಲ್ಲಿ ನ್ಯಾಯದ ಹಸಿವಿದೆ. ದ್ವಿತೀಯ ವ್ಯಾಟಿಕನ್ ಮಹಾಸಭೆಯು, ಹೊಸ ಭೂಮಿಯ ನಿರೀಕ್ಷೆಯು ಈ ಭೂಮಿಯ ಕುರಿತಾದ ನಮ್ಮ ಕಾಳಜಿಯನ್ನು ಕುಗ್ಗಿಸದೆ ಚುರುಕುಗೊಳಿಸಬೇಕೆಂದು ಬೋಧಿಸುತ್ತದೆ. ಆ ಹಸಿವನ್ನು ಆಲಿಸಬಲ್ಲವನು ಅದರ ಒಗಟನ್ನು ಬಿಡಿಸಲು ಅವಸರಪಡುವುದಿಲ್ಲ.

ಪೂಜಾವರ್ಷದ ಕೊನೆಯ ಭಾನುವಾರಗಳಲ್ಲಿ ಯುಗಾಂತ್ಯದ ವಾಚನಗಳನ್ನು ವಿವರಿಸಬೇಕಾದ ಯಾಜಕನಿಗೆ ಇದರಲ್ಲಿ ಒಂದು ಹೊಣೆಯಿದೆ. ಯಾವಾಗ ಎಂದು ಕೇಳಿ ಬಂದ ಭಯಗ್ರಸ್ತ ವಿಶ್ವಾಸಿಗೆ ದಿನಾಂಕವನ್ನು ಕೊಡಬಾರದು; ನಗೆಯನ್ನೂ ಕೊಡಬಾರದು. ಆತನ ಭಯದ ಕಾರಣವನ್ನು ಕೇಳಿ ತಿಳಿದು, ಈ ದಿನ ಮಾಡಬೇಕಾದ ಒಳಿತಿನ ಕಡೆಗೆ ಆತನನ್ನು ನಡೆಸಬೇಕು.