ಮಲಯಾಳಿ ಸಿನಿಮಾ: ಬಾವಿ ಯಾರದು, ಗದ್ದೆ ಯಾರದು?

ಮಲಯಾಳಿ ಸಿನಿಮಾ ಅಂದರೆ ನಮ್ಮ ಬುದ್ಧಿಜೀವಿಗಳು ಕೈಮುಗಿಯುತ್ತಾರೆ. ಅಲ್ಲಿ ಮಳೆ ಮಳೆಯ ಹಾಗೇ ಸುರಿಯುತ್ತದೆ, ನಾಯಕ ಮುಂಡು ಎತ್ತಿಕಟ್ಟಿ ಚಾ ಅಂಗಡಿಯಲ್ಲಿ ಪೇಪರು ಓದುತ್ತಾನೆ, ಬಾವಿಗೆ ಕೊಡ ಬಿಟ್ಟ ಸದ್ದೂ ಕೇಳುತ್ತದೆ. ನಿಜ, ನಾವೂ ಮೆಚ್ಚಿದ್ದೇವೆ. ಆದರೆ ಆ ಬಾವಿ ಯಾರದು ಅಂತ ಕೇಳಬೇಕಾದವರೂ ನಾವೇ.

ಆ ಭಾಷೆಯ ಮೊದಲ ಮೂಕಿಚಿತ್ರ ಜೆ.ಸಿ. ಡೇನಿಯಲ್ ತೆಗೆದ ‘ವಿಗತಕುಮಾರನ್’. ಅದರಲ್ಲಿ ನಾಯರ್ ಹೆಣ್ಣಿನ ಪಾತ್ರ ಮಾಡಿದವಳು ಪಿ.ಕೆ. ರೋಸಿ, ದಲಿತಳು. ತಿರುವನಂತಪುರದಲ್ಲಿ ಚಿತ್ರ ತೋರಿಸಿದಾಗ ಮೇಲ್ಜಾತಿಯವರು ರೊಚ್ಚಿಗೆದ್ದರು, ಪರದೆಗೆ ಕಲ್ಲು ಬಿತ್ತು. ರೋಸಿ ಊರು ಬಿಟ್ಟು ತಮಿಳುನಾಡು ಸೇರಬೇಕಾಯಿತು. ಮುಂದೆ 1954ರಲ್ಲಿ ಪಿ. ಭಾಸ್ಕರನ್ ಮತ್ತು ರಾಮು ಕಾರಿಯಾಟ್ ‘ನೀಲಕ್ಕುಯಿಲ್’ ಮಾಡಿದರು. ನಾಯರ್ ಮೇಷ್ಟ್ರು ಕೈಬಿಟ್ಟ ದಲಿತ ಹುಡುಗಿ ನೀಲಿಯ ಕತೆ. ಕೇರಳದ ಹಳ್ಳಿ ತೆರೆಗೆ ಬಂದದ್ದೇ ಇದರಿಂದ ಅಂತಾರೆ. ನೀಲಿಯಾದವರು ಮಿಸ್ ಕುಮಾರಿ, ಕ್ರಿಶ್ಚಿಯನ್ ಮನೆತನದವರು. ನಾಯರ್ ಆಗಿ ನಟಿಸಿದ ದಲಿತಳಿಗೆ ಕಲ್ಲು. ದಲಿತಳಾಗಿ ನಟಿಸಿದವರಿಗೆ ಚಪ್ಪಾಳೆ! ಕತೆಯಲ್ಲೂ ಅಷ್ಟೇ: ಮಗು ಹೆತ್ತು ನೀಲಿ ಸಾಯುತ್ತಾಳೆ, ಸಾಕುವ ದೊಡ್ಡತನ ನಾಯರ್ ಪೋಸ್ಟ್‌ಮ್ಯಾನಿನದು.

ಅಡೂರರ ‘ಎಲಿಪ್ಪತ್ತಾಯಂ’ (1981) ಜಮೀನ್ದಾರಿ ಮನೆತನ ಕೊಳೆಯುವುದನ್ನು ಬಿಚ್ಚಿಟ್ಟಿತು. ಒಳ್ಳೆಯ ಚಿತ್ರವೇ. ಆದರೆ ಆ ಮನೆಗೆ ಬತ್ತ ಬೆಳೆದುಕೊಟ್ಟವರ ಗುಡಿಸಲಿಗೆ ಕ್ಯಾಮೆರಾ ನಡೆದುಹೋಗಲಿಲ್ಲ.

ಗೆಳೆಯರೇ, ಕೇರಳದ ಭೂಸುಧಾರಣೆಯನ್ನು ನಾವೆಲ್ಲ ಭಾಷಣಗಳಲ್ಲಿ ಹೊಗಳಿದವರೇ. 1970ರಲ್ಲಿ ಜಮೀನ್ದಾರಿಕೆ ಹೋಯಿತು, ಗೇಣಿದಾರನಿಗೆ ಗದ್ದೆ ಸಿಕ್ಕಿತು. ಆ ಗದ್ದೆಯ ಕೆಸರಲ್ಲಿ ದುಡಿದ ಪುಲಯ ಕೂಲಿ ಗೇಣಿದಾರನಾಗಿರಲಿಲ್ಲವಲ್ಲ! ಅವನಿಗೆ ಬಂದದ್ದು ಗುಡಿಸಲಿನ ಸುತ್ತಲ ಜಾಗ, ಹಳ್ಳಿಯಲ್ಲಾದರೆ ಹೆಚ್ಚೆಂದರೆ 10 ಸೆಂಟ್. ಈ ಲೆಕ್ಕವನ್ನು ತೆರೆಯ ಮೇಲೆ ಬಿಡಿಸಿದ್ದು ರಾಜೀವ್ ರವಿಯವರ ‘ಕಮ್ಮಟ್ಟಿಪಾಡಂ’ (2016). ಎರ್ನಾಕುಲಂ ಪೇಟೆ ಬೆಳೆದಂತೆ ಗದ್ದೆಗೆ ಮಣ್ಣು ಬೀಳುತ್ತದೆ, ಗೋಡೆ ಏಳುತ್ತದೆ. ಬಾಲನ್, ಗಂಗನಂಥ ಕೇರಿಯ ಹುಡುಗರೇ ಧಣಿಯ ಗೂಂಡಾಗಳಾಗಿ ತಮ್ಮವರನ್ನೇ ಒಕ್ಕಲೆಬ್ಬಿಸುತ್ತಾರೆ. ನಮ್ಮೂರಲ್ಲೂ ಧಣಿಗಳ ದೊಣ್ಣೆ ಹಿಡಿದವರು ಯಾರ ಮಕ್ಕಳು ಅಂತ ನಮಗೆ ಗೊತ್ತು. ಅದಕ್ಕೇ ಆ ದೃಶ್ಯ ನೋಡುವುದು ಕಷ್ಟವಾಯಿತು.

ಗಂಗನಾದ ವಿನಾಯಕನ್‌ಗೆ ಆ ವರ್ಷದ ಶ್ರೇಷ್ಠ ನಟನೆಂದು ರಾಜ್ಯ ಪ್ರಶಸ್ತಿ ಬಂತು. ಸಂತೋಷ. ಆದರೂ ಕತೆ ನೆನೆಯುವವನು ಕೇರಿಯವನಲ್ಲದ ಗೆಳೆಯ ಕೃಷ್ಣನ್. ಗಂಗನ ಜಾಡು ಹಿಡಿದು ಹೋಗುವವನೂ ಅವನೇ, ಕೊನೆಗೆ ಸೇಡು ತೀರಿಸುವವನೂ ಅವನೇ.