ನೊರೆಗೆ ಸಂದ ಮನ್ನಣೆ

ಫ್ಲಶ್ ಟ್ಯಾಂಕ್ ತೊಳೆಯಲು ಅಡುಗೆ ಸೋಡಾ ಉದುರಿಸಿ ಮೇಲೆ ವಿನೆಗರ್ ಸುರಿಯುವ ವಿಧಾನಕ್ಕೆ ಸಿಕ್ಕಿರುವ ಹೆಸರು ಅದರ ಯೋಗ್ಯತೆಯನ್ನು ಮೀರಿದ್ದು. ಕೋಲಾರ, ತುಮಕೂರು ಕಡೆಯ ಬೋರ್‌ವೆಲ್ ನೀರು ಟ್ಯಾಂಕಿನೊಳಗೆ ಕಟ್ಟುವ ಬಿಳಿ ಪದರವನ್ನು ಉಜ್ಜಿದವರೆಲ್ಲ ಇದನ್ನು ಬಲ್ಲರು. ನೋಡಬೇಕಾದದ್ದು ಸೋಡಾ, ವಿನೆಗರ್ ಬೆರೆತಾಗ ಏಳುವ ನೊರೆಯನ್ನು.

ಬುಸ್ಸೆಂದು ನೊರೆ ಎದ್ದೊಡನೆ ಕೊಳೆ ಕಿತ್ತುಬರುತ್ತಿದೆ ಎಂದು ನಂಬುತ್ತೇವೆ. ನಿಜಕ್ಕೂ ಅಲ್ಲಿ ಹುಳಿ ಮತ್ತು ಕ್ಷಾರ ಒಂದನ್ನೊಂದು ಮುಗಿಸುತ್ತಿರುತ್ತವೆ. ಶೇ. 5ರ ವಿನೆಗರ್ 100 ಮಿಲಿ ಇದ್ದರೆ, ಅದರ ಹುಳಿಯನ್ನೆಲ್ಲ ನುಂಗಲು 7 ಗ್ರಾಂ ಸೋಡಾ, ಅಂದರೆ ಸುಮಾರು ಒಂದೂವರೆ ಟೀ ಚಮಚ, ಸಾಕು. ಜನ ಹಾಕುವುದು ಅರ್ಧ ಲೋಟ! ಗುಳ್ಳೆಗಳು ಬರೀ ಕಾರ್ಬನ್ ಡೈಆಕ್ಸೈಡ್. ಉಳಿಯುವುದು ಸೋಡಿಯಂ ಅಸಿಟೇಟ್ ಮತ್ತು ಮಿಕ್ಕ ಸೋಡಾ ಬೆರೆತ ನೀರು. ಸುಣ್ಣದ ಪದರವನ್ನು ಕರಗಿಸಬಲ್ಲದ್ದು ಹುಳಿ. ಅದನ್ನೇ ಮೊದಲು ಕೊಂದು ಆಮೇಲೆ ಉಜ್ಜಲು ಕೂರುತ್ತೇವೆ. ಅಷ್ಟಿಷ್ಟು ಪದರ ಹೋದರೆ ಅದು ಬ್ರಷ್ ಹಿಡಿದ ಕೈಯ ದುಡಿಮೆ.

"ಕೆಲಸಕ್ಕೆ ಬಾರದಿದ್ದರೂ ಅಪಾಯವಂತೂ ಇಲ್ಲವಲ್ಲ" ಎಂದು ವಾದಿಸುವವರ ಬಗ್ಗೆ ನನಗೆ ಇನ್ನೂ ದೊಡ್ಡ ತಕರಾರಿದೆ. ನೊರೆ ಸೋತ ಮೇಲೆ ಮನೆಯವರು ಸುಮ್ಮನಿರುವುದಿಲ್ಲ. ಬ್ಲೀಚಿಂಗ್ ಪೌಡರ್ ಹಾಕುತ್ತಾರೆ, ಅದೂ ಸಾಲದೆಂದು ಟಾಯ್ಲೆಟ್ ಆಸಿಡ್ ಸುರಿಯುತ್ತಾರೆ. ಬ್ಲೀಚಿಗೆ ಆಸಿಡ್ ಕೂಡಿದರೆ ಹುಟ್ಟುವುದು ಕ್ಲೋರಿನ್, 1915ರಲ್ಲಿ ಯುದ್ಧಭೂಮಿಯಲ್ಲಿ ಸೈನಿಕರನ್ನು ಉಸಿರುಗಟ್ಟಿಸಿ ಕೊಂದ ಅನಿಲ. ವಿನೆಗರ್ ಬೆರೆತರೂ ಅದೇ. ಗಾಳಿಯಾಡದ ಪುಟ್ಟ ಕೋಣೆಯಲ್ಲಿ, ಟ್ಯಾಂಕಿನ ಮೇಲೆ ಮುಖ ಬಗ್ಗಿಸಿ ನಿಂತವರಿಗೆ ಇದನ್ನು ಹೇಳದ ಸಲಹೆಯನ್ನು ನಿರಪಾಯ ಎನ್ನಲಾಗದು. ಕ್ಲೋರಿನ್ ಮಾತ್ರೆಯನ್ನು ಟ್ಯಾಂಕಿನೊಳಗೇ ಬಿಡಿ ಎನ್ನುವವರದೂ ಅರೆ ಸಲಹೆಯೇ. ಹಗಲಿರುಳು ಆ ನೀರಿನಲ್ಲಿ ನೆನೆದ ರಬ್ಬರ್ ವಾಷರ್ ಕೆಡುತ್ತದೆ, ನೀರು ಸದ್ದಿಲ್ಲದೆ ಸೋರತೊಡಗುತ್ತದೆ.

ವಿನೆಗರನ್ನು ನಾನು ತಳ್ಳಿಹಾಕುವುದಿಲ್ಲ. ಸೋಡಾದ ಸಹವಾಸ ಬಿಟ್ಟರೆ ಅದು ನಿಧಾನವಾಗಿ, ನೆಚ್ಚಿಕೊಳ್ಳುವಂತೆ ದುಡಿಯುತ್ತದೆ. ಸಿಟ್ರಿಕ್ ಆಸಿಡ್ ಬೆರೆಸಿದ ನೀರೂ ಆದೀತು. ಮೊದಲು ಟ್ಯಾಂಕಿಗೆ ನೀರು ಬರುವ ವಾಲ್ವ್ ಮುಚ್ಚಿ, ಫ್ಲಶ್ ಮಾಡಿ ಖಾಲಿ ಮಾಡಬೇಕು. ಹಿಂದೆ ಹಾಕಿದ ಬ್ಲೀಚ್ ಉಳಿದಿದ್ದರೆ ಬರೀ ನೀರಿನಲ್ಲಿ ಚೆನ್ನಾಗಿ ತೊಳೆದ ಮೇಲೆಯೇ ಹುಳಿ. ಕೈಗವಸು ತೊಟ್ಟು, ಕಿಟಕಿ ತೆರೆದು, ವಿನೆಗರಿನಲ್ಲಿ ನೆನೆಸಿದ ಬಟ್ಟೆಯನ್ನು ಪದರದ ಮೇಲೆ ಒಂದೆರಡು ಗಂಟೆ ಅಂಟಿಸಿಡಬೇಕು. ಆಮೇಲೆ ನೈಲಾನ್ ಬ್ರಷ್ಷಿನಿಂದ ಉಜ್ಜಿ, ವಾಲ್ವ್ ತೆರೆದು, ಎರಡು ಸಲ ಫ್ಲಶ್ ಮಾಡಿದರಾಯಿತು.