ಬರೆಯದೆ ಬಿಟ್ಟ ಸ್ವರ

ಬಗರ್‌ಹುಕುಂ ಅರ್ಜಿ ಹಾಕಿದ ರೈತ ಮಹಸೂಲಿನ ದಾಖಲೆ ಹಿಡಿದು ತಹಸೀಲ್ದಾರರ ಮುಂದೆ ನಿಂತಿದ್ದಾನೆ. ನಮ್ಮ ಯಾವ ತಾಲೂಕು ಕೇಂದ್ರದಲ್ಲಾದರೂ ಕಾಣುವ ದೃಶ್ಯ ಇದು. ಆದರೆ ಈ ವಾಕ್ಯದಿಂದ ಹಾಕಿದ, ಹಿಡಿದು, ಮುಂದೆ, ನಿಂತಿದ್ದಾನೆ ಎಂಬ ಮಾತುಗಳನ್ನು ತೆಗೆದರೆ ಉಳಿಯುವ ಪದಗಳೆಲ್ಲ, ರೈತನೂ ಸೇರಿದಂತೆ, ಅರಬ್ಬಿ ಬೇರಿನವು. ಪರ್ಷಿಯನ್ನಿನ ದಾರಿ ಹಿಡಿದು, ಸುಲ್ತಾನರ ಕಾಲದ ಲೆಕ್ಕಪತ್ರಗಳ ಮೂಲಕ ಬಂದು ಕನ್ನಡದಲ್ಲಿ ನೆಲೆ ನಿಂತಿವೆ. 'ಮಹಸೂಲು' ಮತ್ತು 'ತಹಸೀಲು' ಒಂದೇ ಮನೆಯ ಮಕ್ಕಳು ಎಂಬುದು ನಮ್ಮ ಕಣ್ಣಿಗೆ ಬೀಳುವುದಿಲ್ಲ. ಅರಬ್ಬಿ ಓದುವ ಮಗುವಿಗೆ ಬೀಳುತ್ತದೆ. ಎರಡರಲ್ಲೂ ಹ, ಸ, ಲ ಎಂಬ ಮೂರು ವ್ಯಂಜನಗಳಿವೆ. ಕೈಗೆ ಬಂದದ್ದು, ದೊರೆತದ್ದು ಎಂಬುದು ಆ ಮೂರರ ಅರ್ಥ. ಬೆಳೆದು ಬಂದದ್ದು ಮಹಸೂಲು, ಅದನ್ನು ಕೂಡಿಸುವುದು ತಹಸೀಲು.

ಈ ಭಾಷೆಯ ಲಿಪಿಯ ಬಗ್ಗೆ ನಮ್ಮಲ್ಲಿ ಎರಡೇ ಬಗೆಯ ಮಾತು ಕೇಳುತ್ತೇನೆ. ಒಂದು, ಅದು ಧರ್ಮದ ಗುರುತು. ಇನ್ನೊಂದು, ಅದೆಷ್ಟು ಚೆಂದದ ಚಿತ್ರ! ಎರಡೂ ಸುಳ್ಳಲ್ಲ. ಆದರೆ ಎರಡರಲ್ಲೂ ಅಕ್ಷರವನ್ನು ಅಕ್ಷರವಾಗಿ ನೋಡುವ ಗೋಜಿಲ್ಲ. ನನಗೆ ಅರಬ್ಬಿ ಬರುವುದು ಸ್ವಲ್ಪವೇ, ನಿಘಂಟು ಪಕ್ಕದಲ್ಲಿಟ್ಟುಕೊಂಡು ತಡವರಿಸುವಷ್ಟು. ಆ ತಡವರಿಕೆಯಲ್ಲೇ ನನಗೆ ಹೊಳೆದ ಮುಖ್ಯ ಸಂಗತಿ, ಈ ಲಿಪಿ ಏನನ್ನು ಬರೆಯುವುದಿಲ್ಲ ಎಂಬುದು.

ಅರಬ್ಬಿಯಲ್ಲಿ 28 ಅಕ್ಷರಗಳು, ಬಲದಿಂದ ಎಡಕ್ಕೆ ಬರಹ. ಎಲ್ಲವೂ ವ್ಯಂಜನಗಳೇ. ಅಲಿಫ್, ವಾವ್, ಯಾ ಎಂಬ ಮೂರು ಅಕ್ಷರಗಳು ಮಾತ್ರ ಸಮಯ ಬಂದಾಗ ಆ, ಊ, ಈ ಎಂಬ ದೀರ್ಘಗಳಾಗಿಯೂ ದುಡಿಯುತ್ತವೆ. ಹ್ರಸ್ವ ಸ್ವರಗಳಿಗೆ ಚಿಹ್ನೆಗಳಿವೆ, ಆದರೆ ಪತ್ರಿಕೆಯಲ್ಲಿ, ಕಾದಂಬರಿಯಲ್ಲಿ, ಅಂಗಡಿಯ ಫಲಕದಲ್ಲಿ ಅವನ್ನು ಸಾಮಾನ್ಯವಾಗಿ ಹಾಕುವುದಿಲ್ಲ. 'ಹುಕುಂ' ಎಂಬುದನ್ನೇ ನೋಡಿ. ಕಾಗದದ ಮೇಲೆ ಇರುವುದು ಹ, ಕ, ಮ ಮಾತ್ರ. ಅದನ್ನು ಹುಕ್ಮ್ ಎಂದು ಓದಿದರೆ ತೀರ್ಪು. ಹಕಮ ಎಂದು ಓದಿದರೆ ತೀರ್ಪು ಕೊಟ್ಟ. ಹಕಮ್ ಎಂದರೆ ಇಬ್ಬರ ನಡುವೆ ನಿಂತು ನ್ಯಾಯ ಹೇಳುವವನು, ಹಿಕಮ್ ಎಂದರೆ ವಿವೇಕದ ಮಾತುಗಳು. ಯಾವುದೆಂದು ಹೇಳಬೇಕಾದವನು ಓದುಗ. ವಾಕ್ಯದ ಹಿಂದುಮುಂದು ನೋಡಿ, ವ್ಯಾಕರಣ ತಿಳಿದು, ಅವನೇ ಸ್ವರ ತುಂಬಿಕೊಳ್ಳಬೇಕು.

ಕನ್ನಡದಲ್ಲಿ ಹೀಗೆ ಮಾಡಿ ನೋಡಿ. ಕ, ಡ ಎರಡನ್ನೇ ಬರೆದು ಓದಲು ಕೊಟ್ಟರೆ ಅದು ಕಾಡೋ, ಕೂಡೋ, ಕೊಡೋ, ಕೋಡೋ, ಕೇಡೋ, ಕಿಡಿಯೋ, ಕುಡಿಯೋ? ಕಾಡಿಗೂ ಕೇಡಿಗೂ ನೆಂಟಸ್ತಿಕೆಯಿಲ್ಲ. ಸ್ವರ ಹೋದರೆ ಕನ್ನಡದಲ್ಲಿ ಪದವೇ ಹೋಗುತ್ತದೆ. ಅರಬ್ಬಿಯಲ್ಲಿ ಸ್ವರ ಹೋದರೂ ಮನೆತನದ ಹೆಸರು ಉಳಿಯುತ್ತದೆ, ಯಾವ ಮಗು ಎಂಬುದಷ್ಟೇ ತಿಳಿಯದು. ಈ ಲಿಪಿ ಆ ಭಾಷೆಗೆ ಹೊಂದುವುದು ಇದರಿಂದಲೇ. ಬೇರೆ ಭಾಷೆಗಳು ಇದನ್ನು ಎರವಲು ಪಡೆದಾಗ ಆದದ್ದೂ ಇದನ್ನೇ ತೋರಿಸುತ್ತದೆ. ಕೇರಳದ ಮಾಪಿಳ್ಳೆಗಳು ಮಲಯಾಳವನ್ನು ಅರಬ್ಬಿ ಅಕ್ಷರದಲ್ಲಿ ಬರೆಯುವಾಗ (1607ರ ಮುಹ್ಯಿದ್ದೀನ್ ಮಾಲೆ ಇದಕ್ಕೆ ಹೆಸರಾದ ಹಳೆಯ ಕೃತಿ) ಸ್ವರಚಿಹ್ನೆಗಳನ್ನು ಬಿಡುವಂತಿರಲಿಲ್ಲ. ಉಯ್ಘರರು ಇನ್ನೂ ಮುಂದೆ ಹೋಗಿ ಪ್ರತಿ ಸ್ವರಕ್ಕೂ ಒಂದೊಂದು ಅಕ್ಷರವನ್ನೇ ಇಟ್ಟುಕೊಂಡರು.

ಮೊದಮೊದಲ ಬರಹದಲ್ಲಿ ಚುಕ್ಕಿಗಳೂ ವಿರಳ. ಪದದ ನಡುವೆ ಬಂದಾಗ ಬ, ತ, ಥ, ನ, ಯ ಐದೂ ಒಂದೇ ಸಣ್ಣ ಹಲ್ಲಿನ ಆಕಾರ. ಮೇಲೆ ಕೆಳಗೆ ಚುಕ್ಕಿ ಇಟ್ಟರೆ ಮಾತ್ರ ಬೇರೆ ಬೇರೆ. ಕ್ರಿ.ಶ. 643ರ ಒಂದು ಪಪೈರಸ್ ರಸೀತಿ ಈಗ ವಿಯೆನ್ನಾದಲ್ಲಿದೆ. ಅದರಲ್ಲಿ ಕೆಲವು ಅಕ್ಷರಗಳಿಗೆ ಚುಕ್ಕಿಯಿದೆ, ಹಲವಕ್ಕಿಲ್ಲ. ಬರೆದವನಿಗೆ ಎಲ್ಲಿ ಅನುಮಾನ ಬರಬಹುದು ಅನ್ನಿಸಿತೋ ಅಲ್ಲಿ ಇಟ್ಟ ಹಾಗೆ ಕಾಣುತ್ತದೆ.

ಸ್ವರಚಿಹ್ನೆ ಹುಟ್ಟಿದ ಬಗ್ಗೆ ಒಂದು ಹಳೆಯ ಕಥೆಯಿದೆ. ಬಸ್ರಾದ ಅಬುಲ್ ಅಸ್ವದ್ ಅದ್ದುಅಲಿ ಎಂಬ ಪಂಡಿತ ಒಬ್ಬಾತ ಕುರಾನ್ ಓದುವುದನ್ನು ಕೇಳಿಸಿಕೊಂಡನಂತೆ. ಕೊನೆಯ ಒಂದು ಸ್ವರ ತಪ್ಪಿ, ದೇವರು ತನ್ನ ಪ್ರವಾದಿಯನ್ನೇ ತೊರೆದ ಎಂಬ ಅರ್ಥ ಬಂದುಬಿಟ್ಟಿತು. ಗಾಬರಿಯಾದ ಅಸ್ವದ್ ಒಬ್ಬ ಲಿಪಿಕಾರನನ್ನು ಕೂರಿಸಿಕೊಂಡು, ನಾನು ಬಾಯಿ ತೆರೆದರೆ ಅಕ್ಷರದ ಮೇಲೊಂದು ಬಣ್ಣದ ಚುಕ್ಕಿ ಇಡು, ತುಟಿ ಕೂಡಿಸಿದರೆ ಪಕ್ಕದಲ್ಲಿಡು, ಕೆಳಗಿಳಿಸಿದರೆ ಕೆಳಗಿಡು ಎಂದನಂತೆ. ಕಥೆ ನಡೆದದ್ದೋ ಕಟ್ಟಿದ್ದೋ, ಸ್ವರಚಿಹ್ನೆಗಳ ಹೆಸರಂತೂ ಇದಕ್ಕೆ ಸಾಕ್ಷಿ ನುಡಿಯುತ್ತವೆ. ಫತ್ಹಾ ಎಂದರೆ ತೆರೆಯುವುದು, ದಮ್ಮಾ ಎಂದರೆ ಕೂಡಿಸುವುದು, ಕಸ್ರಾ ಎಂದರೆ ಮುರಿಯುವುದು. ಉರ್ದು ಕಲಿತವರು ಇವನ್ನೇ ಜಬರ್, ಪೇಶ್, ಜೇರ್ ಎನ್ನುತ್ತಾರೆ. ಲಿಪಿ ಬಿಟ್ಟದ್ದನ್ನು ಬಾಯಿಯನ್ನು ನೋಡಿ ತುಂಬಿದರು.

ನನ್ನ ವಾದ ಇಲ್ಲಿಂದ ಶುರುವಾಗುತ್ತದೆ. ಅರಬ್ಬಿಯ ದೊಡ್ಡ ವಿದ್ಯೆಗಳಲ್ಲಿ ಹಲವು ಈ ಬಿಟ್ಟ ಜಾಗದ ಸುತ್ತ ಬೆಳೆದವು. ಎಂಟನೇ ಶತಮಾನದ ಬಸ್ರಾದ ಖಲೀಲ್ ಇಬ್ನ್ ಅಹ್ಮದ್ ಈಗಲೂ ಬಳಕೆಯಲ್ಲಿರುವ ಸ್ವರಚಿಹ್ನೆಗಳಿಗೆ ರೂಪ ಕೊಟ್ಟವನೆಂದು ಹೆಸರಾದವನು. ಛಂದಸ್ಸಿನ ಶಾಸ್ತ್ರ ಕಟ್ಟಿದವನೂ ಅವನೇ. ಅವನ ಹೆಸರಿನ ನಿಘಂಟು 'ಕಿತಾಬುಲ್ ಐನ್' ಅಲಿಫ್‌ನಿಂದ ಶುರುವಾಗುವುದಿಲ್ಲ. ಗಂಟಲಿನ ಆಳದಿಂದ ಬರುವ 'ಐನ್' ಎಂಬ ಅಕ್ಷರದಿಂದ ಹೊರಟು ನಾಲಗೆ, ಹಲ್ಲು ದಾಟಿ ತುಟಿಗೆ ಬರುತ್ತದೆ. ಕವರ್ಗದಿಂದ ಪವರ್ಗಕ್ಕೆ ಬಂದ ನಮಗೆ ಈ ದಾರಿ ಹೊಸದಲ್ಲ. ಕೇಶಿರಾಜನೂ ವ್ಯಾಕರಣಕ್ಕೆ ಮೊದಲು ಧ್ವನಿಯ ಹುಟ್ಟನ್ನೇ ಹೇಳುತ್ತಾನೆ. ಖಲೀಲನಿಗೆ ಭಾರತದ ಸುಳಿವು ಸಿಕ್ಕಿತ್ತೇ ಎಂದು ವಿದ್ವಾಂಸರು ಚರ್ಚಿಸಿದ್ದಾರೆ, ಗಟ್ಟಿ ಆಧಾರ ದೊರೆತಿಲ್ಲ. ಎರವಲಿನ ಲೆಕ್ಕಕ್ಕಿಂತ, ಇಬ್ಬರೂ ಅಕ್ಷರವನ್ನು ಕಣ್ಣಿನ ವಸ್ತುವಾಗಿ ನೋಡದೆ ಬಾಯಿಯ ಕೆಲಸವಾಗಿ ನೋಡಿದರು ಎಂಬುದೇ ನನಗೆ ದೊಡ್ಡದಾಗಿ ಕಾಣುತ್ತದೆ. ಖಲೀಲನ ಶಿಷ್ಯ ಸೀಬವೈಹಿ ಪರ್ಷಿಯನ್ ಮೂಲದವನು. ಅರಬ್ಬಿಯ ಮಹಾ ವ್ಯಾಕರಣವನ್ನು ಬರೆದವನು ಹೊರಗಿನಿಂದ ಬಂದು ಆ ಭಾಷೆ ಕಲಿತವನು. ಅದು ಆಕಸ್ಮಿಕವೆಂದು ನನಗನ್ನಿಸುವುದಿಲ್ಲ. ತಾಯಿಯ ಬಾಯಿಂದ ಸ್ವರ ಪಡೆದವನಿಗೆ ಅದರ ನಿಯಮ ಬೇಕಿರಲಿಲ್ಲ, ಹೊರಗಿನವನಿಗೆ ಬೇಕಿತ್ತು.

(ಅಕ್ಷರಕ್ಕೆ ಇನ್ನೊಂದು ಹಳೆಯ ಕ್ರಮವೂ ಇದೆ, ಅಬ್ಜದ್. ಅಲಿಫ್ ಒಂದು, ಬಾ ಎರಡು, ಹೀಗೆ ಸಾವಿರದವರೆಗೆ ಪ್ರತಿ ಅಕ್ಷರಕ್ಕೂ ಒಂದು ಸಂಖ್ಯೆ. ನಮ್ಮ ಕಟಪಯಾದಿಯ ದೂರದ ದಾಯಾದಿ ಅನ್ನಿ. ನಮ್ಮ ಆಟೋ, ಲಾರಿಗಳ ಮೇಲೆ ಕಾಣುವ 786 ಈ ಲೆಕ್ಕದಲ್ಲಿ ಬಿಸ್ಮಿಲ್ಲಾ ವಾಕ್ಯದ ಮೊತ್ತ.)

ಓದು ಕಣ್ಣಿಗಿಂತ ಕಿವಿಯ ಕೆಲಸವಾದ್ದರಿಂದ ಗುರುವಿಲ್ಲದೆ ಪುಸ್ತಕವಿಲ್ಲ. ವಿದ್ಯಾರ್ಥಿ ಗ್ರಂಥವನ್ನು ಗುರುವಿನ ಎದುರು ಗಟ್ಟಿಯಾಗಿ ಓದಿ ಒಪ್ಪಿಸಬೇಕು, ಆಮೇಲೆ ಅದನ್ನು ಕಲಿಸುವ ಅನುಮತಿ, ಇಜಾಜಾ. ಬರೀ ಹಾಳೆ ನೋಡಿ ಕಲಿತವನನ್ನು 'ಸಹಫಿ' ಎಂದು ಹೀಯಾಳಿಸುತ್ತಿದ್ದರು, ಚುಕ್ಕಿ ತಪ್ಪಿ ಓದುವುದಕ್ಕೆ 'ತಸ್‌ಹೀಫ್' ಎಂಬ ಹೆಸರೇ ಇತ್ತು. ಅದೇ ಸಹಫಿ ಎಂಬ ಪದಕ್ಕೆ ಇವತ್ತಿನ ಅರಬ್ಬಿಯಲ್ಲಿ ಪತ್ರಕರ್ತ ಎಂದರ್ಥ. ಪತ್ರಕರ್ತ ಮಿತ್ರರು ಕ್ಷಮಿಸಬೇಕು.

ಬೀದರಿನಲ್ಲಿ ಮಹಮೂದ್ ಗವಾನ್ 1472ರಲ್ಲಿ ಕಟ್ಟಿಸಿದ ಮದರಸಾ ಇದೆ. 1696ರ ಸ್ಫೋಟದಲ್ಲಿ ಒಂದು ಭಾಗ ಕುಸಿದರೂ ಉಳಿದ ಮುಖದ ಮೇಲೆ ಬಣ್ಣದ ಹೆಂಚಿನ ಬರಹ ಇನ್ನೂ ಕಾಣುತ್ತದೆ. ಅಷ್ಟು ಎತ್ತರದಲ್ಲಿ, ಒಂದರೊಳಗೊಂದು ಹೆಣೆದ ಅಕ್ಷರಗಳನ್ನು ಯಾರು ಓದಬಲ್ಲರು ಎಂದು ನೋಡುವವರು ಕೇಳುವುದುಂಟು. ಅಲ್ಲಿನ ವಿದ್ಯಾರ್ಥಿ ಒಂದೊಂದೇ ಅಕ್ಷರ ಕೂಡಿಸಿ ಓದುತ್ತಿರಲಿಲ್ಲ ಎಂದು ನನ್ನ ಊಹೆ. ಎರಡು ಪದ ಗುರುತು ಸಿಕ್ಕರೆ ಉಳಿದದ್ದು ಅವನ ಬಾಯಲ್ಲೇ ಇತ್ತು. ಬಾಗ್ದಾದಿನ ವಜೀರ ಇಬ್ನ್ ಮುಖ್ಲಾ, 940ರಲ್ಲಿ ತೀರಿಕೊಂಡವನು, ಲೇಖನಿಯ ಮೊನೆ ಒತ್ತಿದಾಗ ಮೂಡುವ ವಜ್ರಾಕಾರದ ಚುಕ್ಕಿಯನ್ನೇ ಅಳತೆಗೋಲು ಮಾಡಿ ಅಲಿಫ್ ಇಷ್ಟು ಚುಕ್ಕಿ ಎತ್ತರ ಎಂದು ಲೆಕ್ಕ ಕಟ್ಟಿದ. ರಾಜಕೀಯದ ಜಗಳದಲ್ಲಿ ಅವನ ಬಲಗೈಯನ್ನೇ ಕತ್ತರಿಸಿದರು. ಅವನ ಅಳತೆಯಲ್ಲಿ ಅಕ್ಷರದ ಅಂದಕ್ಕೆ ಲೆಕ್ಕವಿದೆ, ಉಚ್ಚಾರಕ್ಕಿಲ್ಲ.

ಎರಿಕ್ ಹ್ಯಾವ್‌ಲಾಕ್‌ರಂಥ ಪಾಶ್ಚಾತ್ಯ ವಿದ್ವಾಂಸರು ಇದನ್ನೆಲ್ಲ ಕೊರತೆ ಎಂದರು. ಗ್ರೀಕರು ಫಿನೀಷಿಯನ್ ಅಕ್ಷರ ಪಡೆದು ಸ್ವರ ಸೇರಿಸಿದ ಮೇಲೇ ನಿಜವಾದ ಅಕ್ಷರಮಾಲೆ, ಅದರ ಬೆನ್ನಿಗೇ ಸೂಕ್ಷ್ಮ ವಿಚಾರ ಎಂಬುದು ಅವರ ವಾದದ ಸಾರ. ಖಲೀಲ್, ಸೀಬವೈಹಿ ಬರೆದದ್ದನ್ನು ಎದುರಿಗಿಟ್ಟರೆ ಈ ವಾದ ನಿಲ್ಲುವುದಿಲ್ಲ. ಸ್ವರ ಬರೆಯದ ಲಿಪಿಯಲ್ಲೇ ಸ್ವರದ ಬಗ್ಗೆ ಇಷ್ಟು ಆಳವಾಗಿ ಯೋಚಿಸಿದ್ದಾರಲ್ಲ.

ಹಾಗೆಂದು ಹೊಗಳಿಕೆಗೆ ಇಳಿಯಲೂ ನನಗೆ ಮನಸ್ಸಿಲ್ಲ. ಈಜಿಪ್ಟಿನ ಕಾಸಿಂ ಅಮೀನ್ ನೂರು ವರ್ಷಕ್ಕೂ ಹಿಂದೆ ನೊಂದು ಹೇಳಿದ ಮಾತಿನ ಸಾರ ಇಷ್ಟು: ಬೇರೆಯವರು ಅರ್ಥ ಮಾಡಿಕೊಳ್ಳಲು ಓದುತ್ತಾರೆ, ನಾವು ಓದಲಿಕ್ಕಾಗಿ ಮೊದಲು ಅರ್ಥ ಮಾಡಿಕೊಳ್ಳಬೇಕು. ಮಸೀದಿಯ ಹೆಂಚನ್ನೂ ಮ್ಯೂಸಿಯಮ್ಮಿನ ಹಾಳೆಯನ್ನೂ ಮೆಚ್ಚುವವರು ಈ ಮಾತನ್ನು ಮರೆಯುತ್ತಾರೆ. ಕೈರೋದ ಮಗು ಮನೆಯಲ್ಲಿ ಆಡುವುದು ಒಂದು ಅರಬ್ಬಿ, ಶಾಲೆಯಲ್ಲಿ ಓದುವುದು ಇನ್ನೊಂದು. ಮೊದಲ ತರಗತಿಗಳ ಪುಸ್ತಕದಲ್ಲಿ ಸ್ವರಚಿಹ್ನೆ ಇರುತ್ತದೆ. ಮೇಲೆ ಹೋದಂತೆ ಅದು ಮಾಯವಾಗುತ್ತದೆ, ಮಗುವಿಗೆ ಆ ಹೊತ್ತಿಗೆ ವ್ಯಾಕರಣ ಬಂದಿರುತ್ತದೆ ಎಂಬ ನಂಬಿಕೆಯ ಮೇಲೆ. ಮನೆಯಲ್ಲಿ ಪುಸ್ತಕದ ಅರಬ್ಬಿ ಕಿವಿಗೆ ಬೀಳುವವರಿಗೆ ಅದು ಬಂದಿರುತ್ತದೆ. ಬೀಳದವರು ಹಿಂದುಳಿಯುತ್ತಾರೆ. ಗುರುವಿನ ಬಾಯಿ ಇಲ್ಲದೆ ಓದಲಾಗದ ಲಿಪಿ, ಗುರು ಸಿಗದವನನ್ನು ಹೊರಗೆ ನಿಲ್ಲಿಸುತ್ತದೆ.

1940ರ ದಶಕದಲ್ಲಿ ಅಬ್ದುಲ್ ಅಜೀಜ್ ಫಹ್ಮಿ ಎಂಬ ನ್ಯಾಯವಾದಿ ಕೈರೋದ ಭಾಷಾ ಅಕಾಡೆಮಿಯ ಮುಂದೆ ಅರಬ್ಬಿಯನ್ನು ಲ್ಯಾಟಿನ್ ಅಕ್ಷರದಲ್ಲೇ ಬರೆಯೋಣ ಎಂದರು. ದೊಡ್ಡ ಗದ್ದಲವಾಯಿತು, ಪ್ರಸ್ತಾಪ ಬಿದ್ದುಹೋಯಿತು. ಟರ್ಕಿ ಅದನ್ನು 1928ರ ನವೆಂಬರಿನಲ್ಲೇ ಕಾನೂನು ಮಾಡಿತ್ತು. ಎಂಟು ಸ್ವರಗಳ ಟರ್ಕಿಶ್ ಭಾಷೆಗೆ ಅರಬ್ಬಿ ಲಿಪಿ ಬಿಗಿಯಾದ ಅಂಗಿಯಾಗಿತ್ತು ಎಂಬುದು ನಿಜ. ಆದರೆ ಅಜ್ಜನ ಗೋರಿಯ ಮೇಲಿನ ಹೆಸರು ಮೊಮ್ಮಗನಿಗೆ ಓದಲು ಬಾರದಾಯಿತು. ಮಹಾಪ್ರಾಣ ಬಿಡಬೇಕೇ ಬೇಡವೇ ಎಂದು ಡಿ.ಎನ್. ಶಂಕರ ಭಟ್ಟರ ಸಲಹೆಗಳ ಸುತ್ತ ನಡೆದ ಚರ್ಚೆಯನ್ನು ನೋಡಿದ ನಮಗೆ ಈ ಎರಡು ತಕ್ಕಡಿಯೂ ಗೊತ್ತು. ಕಲಿಯುವವನ ಹೊರೆ ಒಂದರಲ್ಲಿ, ಹಳೆಯ ಪುಸ್ತಕದ ನಂಟು ಇನ್ನೊಂದರಲ್ಲಿ. ಟರ್ಕಿಯ ಮಾದರಿ ನನಗೆ ಒಪ್ಪಿಗೆಯಿಲ್ಲ. ಅರಬ್ಬಿಗೆ ಬೇಕಿರುವುದು ಹೊಸ ಅಕ್ಷರವಲ್ಲ. ಇರುವ ಚಿಹ್ನೆಗಳನ್ನು ಧಾರಾಳವಾಗಿ, ದೊಡ್ಡವರ ಪುಸ್ತಕದಲ್ಲೂ ಹಾಕಿದರೆ ಆ ಭಾಷೆಗೇನೂ ಅವಮಾನವಿಲ್ಲ. ಕುರಾನಿನಲ್ಲಿ ಒಂದೂ ಬಿಡದೆ ಹಾಕುತ್ತಾರಲ್ಲ.

ಈ ನಡುವೆ ಹುಡುಗರು ಯಾರನ್ನೂ ಕೇಳದೆ ತಮ್ಮ ದಾರಿ ಹಿಡಿದರು. ಅರಬ್ಬಿ ಕೀಲಿಗಳಿಲ್ಲದ ಕಾಲದ ಫೋನುಗಳಲ್ಲಿ ಕೈರೋ, ಬೈರೂತಿನ ಯುವಕರು ಮನೆಮಾತನ್ನು ಲ್ಯಾಟಿನ್ ಅಕ್ಷರದಲ್ಲಿ ಬೆರಳಚ್ಚು ಮಾಡತೊಡಗಿದರು, ನಮ್ಮವರು ಕನ್ನಡವನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆಯುವಂತೆ. ಲ್ಯಾಟಿನ್ನಿನಲ್ಲಿ ಇಲ್ಲದ ಧ್ವನಿಗಳಿಗೆ, ಆಕಾರದ ಹೋಲಿಕೆ ನೋಡಿ, ಅಂಕಿಗಳನ್ನು ಇಟ್ಟುಕೊಂಡರು. ಖಲೀಲನ ಐನ್‌ಗೆ 3, ಹುಕುಮ್ಮಿನ ಗಂಟಲಿನ ಹಕಾರಕ್ಕೆ 7. ಕೀಲಿಗಳು ಬಂದ ಮೇಲೂ ಹಲವರು ಆ ರೂಢಿ ಬಿಟ್ಟಿಲ್ಲ. ಆ ಸಂದೇಶಗಳಲ್ಲಿ ಹುಕುಂ ಏಳರಿಂದ ಶುರುವಾಗುತ್ತದೆ, ಅದರ ಪಕ್ಕದಲ್ಲಿ ಸ್ವರವನ್ನೂ ಬರೆದಿರುತ್ತಾರೆ.